ಕೋರೆಯಲ್ಲಿ ತೀರಿಕೊಂಡ ಅಣ್ಣನ ಪರಿಹಾರದ ಹಣದಲ್ಲಿ ಯಾರಿಗೆ ಎಷ್ಟು ಪಾಲು?

ನಿಮ್ಮ ಅಣ್ಣ 2025ರ ಮಾರ್ಚ್‌ನಲ್ಲಿ ಬಂಟ್ವಾಳದ ಹತ್ತಿರದ ಕೆಂಪುಕಲ್ಲಿನ ಕೋರೆಯಲ್ಲಿ ದರೆ ಕುಸಿದು ತೀರಿಕೊಂಡರು. ಮಾಲೀಕರು ಮೂರು ಲಕ್ಷ ಕೊಟ್ಟು ಛಾಪಾ ಕಾಗದಕ್ಕೆ ಸಹಿ ಕೇಳುತ್ತಿದ್ದಾರೆ. ಆ ಹಣವನ್ನು ಅತ್ತಿಗೆ, ಅವರ ಇಬ್ಬರು ಮಕ್ಕಳು, ನಿಮ್ಮ ತಾಯಿ ಮತ್ತು ನೀವು ಐದು ಸಮಪಾಲು ಮಾಡಿಕೊಳ್ಳಬಹುದೇ ಎಂದು ಕೇರಳದ ಬದಿಯಡ್ಕದಿಂದ ಕೇಳಿದ್ದೀರಿ. ದಯವಿಟ್ಟು ಸಹಿ ಹಾಕಬೇಡಿ, ಅತ್ತಿಗೆಯಿಂದಲೂ ಹಾಕಿಸಬೇಡಿ.

ನಾನು ಕಾಸರಗೋಡಿನಲ್ಲಿ ವಕೀಲರೊಬ್ಬರ ಗುಮಾಸ್ತ. ಗಂಡನನ್ನು ಕಳೆದುಕೊಂಡ ಹೆಂಗಸಿನ ಮುಂದೆ ಹದಿಮೂರನೆಯ ದಿನಕ್ಕೇ ಕಾಗದ ಹಿಡಿಯುವವರನ್ನು ಕಂಡರೆ ನನಗೆ ಸಂಕಟವಾಗುತ್ತದೆ. ನಿಮ್ಮ ಲೆಕ್ಕವನ್ನೇ ನೋಡಿ. ಅಣ್ಣನಿಗೆ 40 ವರ್ಷ, ತಿಂಗಳಿಗೆ 20,000 ರೂಪಾಯಿ ಸಂಬಳ ಎಂದಿದ್ದೀರಿ. 1923ರ ನೌಕರರ ಪರಿಹಾರ ಕಾಯ್ದೆಯಲ್ಲಿ ಸಂಬಳವನ್ನು ಹೆಚ್ಚೆಂದರೆ 15,000 ಎಂದು ಹಿಡಿಯುತ್ತಾರೆ. ಅದರ ಅರ್ಧ 7,500ನ್ನು 40ರ ವಯಸ್ಸಿಗೆ ನಿಗದಿಯಾದ 184.17ರಿಂದ ಗುಣಿಸಿದರೆ 13,81,275 ರೂಪಾಯಿ. ಒಂದು ತಿಂಗಳ ಆಚೆಗಿನ ವಿಳಂಬಕ್ಕೆ ವರ್ಷಕ್ಕೆ ಶೇಕಡಾ 12 ಬಡ್ಡಿ ಬೇರೆ. ಮೂರು ಲಕ್ಷ ಎಲ್ಲಿ, ಇದೆಲ್ಲಿ?

ಅಣ್ಣ ಕುಡಿದಿದ್ದರು ಎಂದು ಮಾಲೀಕರು ಹೆದರಿಸುತ್ತಿದ್ದಾರಲ್ಲ, ಕೆಲಸದಿಂದಾಗಿ ಕೆಲಸದ ವೇಳೆಯಲ್ಲಿ ಆದ ಅಪಘಾತದಲ್ಲಿ ಸಾವು ಸಂಭವಿಸಿದ್ದರೆ ಆ ವಾದ ಪರಿಹಾರವನ್ನು ತಪ್ಪಿಸುವುದಿಲ್ಲ. ಹಕ್ಕು ಬಿಟ್ಟುಕೊಟ್ಟಂತೆ ಬರೆಸಿಕೊಳ್ಳುವ ಕರಾರಿಗೂ ಬೆಲೆಯಿಲ್ಲ. ಸಾವಿನ ಪರಿಹಾರವನ್ನು ಈ ಕಾಯ್ದೆಯಡಿ ಪರಿಹಾರದ ಅರ್ಜಿಗಳನ್ನು ತೀರ್ಮಾನಿಸುವ ಅಧಿಕಾರಿಯಾದ ಕಮಿಷನರ್ ಬಳಿ ಠೇವಣಿ ಇಡಲೇಬೇಕು, ಕೈಗೆ ಕೊಟ್ಟದ್ದು ಪರಿಹಾರ ಎನಿಸುವುದಿಲ್ಲ. ಅವಲಂಬಿತರಿಗೆ ಮೂರು ತಿಂಗಳ ಸಂಬಳದವರೆಗೆ ಮುಂಗಡ ಕೊಡಬಹುದು ಅಷ್ಟೆ. ಬೊಜ್ಜದ (ಉತ್ತರಕ್ರಿಯೆಯ) ಖರ್ಚಿಗೆಂದು ಅತ್ತಿಗೆಗೆ ಕೊಟ್ಟ 50,000ವನ್ನು ಆ ಲೆಕ್ಕಕ್ಕೆ ಹಿಡಿಯಬಹುದು.

ಇನ್ನು ಪಾಲಿನ ಮಾತು. ನಿಮಗೆ ಬೇಸರವಾದರೂ ನೇರವಾಗಿ ಹೇಳುತ್ತೇನೆ: ಪ್ರಾಯಕ್ಕೆ ಬಂದ ತಮ್ಮನಾದ ನಿಮಗೆ ಇದರಲ್ಲಿ ಪಾಲಿಲ್ಲ. ಇದು ಅಣ್ಣ ಬಿಟ್ಟುಹೋದ ಆಸ್ತಿಯಲ್ಲ. ಆಸ್ತಿ ಹೆಣ್ಣಿನ ಕಡೆಯಿಂದ ಇಳಿಯುವ ಅಳಿಯಕಟ್ಟಾಗಲಿ, ತಂದೆಯಿಂದ ಮಕ್ಕಳಿಗೆ ಇಳಿಯುವ ಮಕ್ಕಳಕಟ್ಟಾಗಲಿ, ಇಲ್ಲಿ ಲೆಕ್ಕಕ್ಕೆ ಬರುವುದಿಲ್ಲ. ಅವರ ದುಡಿಮೆಯನ್ನು ನಂಬಿದ್ದವರ ಅನ್ನಕ್ಕಾಗಿ ಕಾನೂನು ಇಟ್ಟ ಹಣ ಇದು. ವಿಧವೆ, ಅಪ್ರಾಪ್ತ ಮಗ, ಮದುವೆಯಾಗದ ಮಗಳು, ವಿಧವೆಯಾದ ತಾಯಿ, ಈ ನಾಲ್ವರೂ ಮೊದಲ ಸಾಲಿನವರು. ಅವಲಂಬನೆಯನ್ನು ಸಾಬೀತುಪಡಿಸುವ ಹೊರೆಯೂ ಇವರಿಗಿಲ್ಲ. ನಿಮ್ಮ ತಂದೆ ಬದುಕಿದ್ದಿದ್ದರೆ ಮಗನ ಸಂಪಾದನೆಯನ್ನು ಭಾಗಶಃವಾದರೂ ಅವಲಂಬಿಸಿದ್ದರೆಂದು ತೋರಿಸಬೇಕಾಗುತ್ತಿತ್ತು.

ಈ ನಾಲ್ವರಿಗೂ ಸಮಪಾಲೇ ಆಗಬೇಕೆಂದಿಲ್ಲ. ಸೆಕ್ಷನ್ 8ರ ಪ್ರಕಾರ ಯಾರಿಗೆ ಎಷ್ಟು ಎಂಬುದು ಕಮಿಷನರ್ ವಿವೇಚನೆ, ಸರಿಯೆನಿಸಿದರೆ ಇಡೀ ಮೊತ್ತವನ್ನು ಒಬ್ಬರಿಗೇ ಕೊಡಬಹುದು. ಆದ್ದರಿಂದ ವಿಚಾರಣೆಯ ದಿನ ನಿಮ್ಮ ಮನೆಯವರು ಏನು ಹೇಳುತ್ತಾರೆ ಎಂಬುದು ಬಹಳ ಮುಖ್ಯ. ಮಗಳಿಗೆ 14, ಮಗನಿಗೆ 9 ಎಂದಿದ್ದೀರಿ. ಅವರ ಓದು ಎಷ್ಟು ವರ್ಷ ಉಳಿದಿದೆ, ತಾಯಿಯ ಔಷಧಿಗೆ ತಿಂಗಳಿಗೆ ಎಷ್ಟು ಬೇಕು, ಅತ್ತಿಗೆಗೆ ಬೀಡಿ ಕಟ್ಟಿ ಎಷ್ಟು ಸಿಗುತ್ತದೆ, ಇವನ್ನೆಲ್ಲ ಬರೆದು ಕೊಡಿ. ಮಕ್ಕಳ ಪಾಲನ್ನು ಬ್ಯಾಂಕಿನಲ್ಲಿ ಠೇವಣಿ ಇಡಬೇಕೆಂದು ನೀವೇ ಕೇಳಿಕೊಳ್ಳಿ. ಸೊಸೆ ಹಣ ತೆಗೆದುಕೊಂಡು ತವರಿಗೆ ಹೋದರೆ ಮಕ್ಕಳ ಗತಿಯೇನು ಎಂಬ ತಾಯಿಯ ಅಂಜಿಕೆಗೂ ಕಾಯ್ದೆಯಲ್ಲೇ ಉತ್ತರವಿದೆ: ಹೆತ್ತವರು ಮಕ್ಕಳನ್ನು ಕಡೆಗಣಿಸಿದರೆ ಹಂಚಿಕೆಯ ಆದೇಶವನ್ನು ಕಮಿಷನರ್ ಬದಲಾಯಿಸಬಹುದು. ಅತ್ತೆ ಸೊಸೆಯರು ಈಗಲೇ ಮುಖ ತಿರುಗಿಸಿಕೊಳ್ಳುವ ಅಗತ್ಯವಿಲ್ಲ.

ಅಪಘಾತ ಕರ್ನಾಟಕದಲ್ಲಿ ನಡೆದರೂ ಅತ್ತಿಗೆ ಗಡಿ ದಾಟಿ ಅಲೆಯಬೇಕಾಗಿಲ್ಲ, ಅರ್ಜಿದಾರರು ವಾಸಿಸುವ ಪ್ರದೇಶದ ಕಮಿಷನರ್ ಮುಂದೆಯೂ ಅರ್ಜಿ ಹಾಕಬಹುದು. ಸಾವಿನಿಂದ ಎರಡು ವರ್ಷದೊಳಗೆ ಹಾಕಿ. 2025ರ ನವೆಂಬರ್ 21ರಂದು ಸಾಮಾಜಿಕ ಭದ್ರತಾ ಸಂಹಿತೆ ಜಾರಿಗೆ ಬಂದಿದೆ, ಆದರೆ ನಿಮ್ಮ ಅಪಘಾತ ಅದಕ್ಕೂ ಹಿಂದಿನದು, ಹಾಗಾಗಿ ಇದಕ್ಕೆ 1923ರ ಹಳೆಯ ಕಾಯ್ದೆಯೇ ಅನ್ವಯ. ಅಣ್ಣನ ಸಂಬಳದಲ್ಲಿ ಇಎಸ್‌ಐ (ನೌಕರರ ರಾಜ್ಯ ವಿಮೆ) ಕಡಿತವಾಗುತ್ತಿತ್ತೇ ಎಂದು ಮಾತ್ರ ಮೊದಲು ನೋಡಿ. ಆಗುತ್ತಿದ್ದರೆ ದಾರಿಯೇ ಬೇರೆ, ಇಡುಗಂಟಿನ ಬದಲು ತಿಂಗಳ ಪಿಂಚಣಿ ಬರುತ್ತದೆ.

ವಕೀಲರ ಶುಲ್ಕಕ್ಕೆ ಹೆದರಬೇಡಿ. ಹೆಂಗಸರಿಗೆ ಆದಾಯ ಎಷ್ಟೇ ಇರಲಿ, ಕಾನೂನು ಸೇವಾ ಪ್ರಾಧಿಕಾರದಿಂದ ಉಚಿತ ವಕೀಲರು ಸಿಗುತ್ತಾರೆ. ಮರಣ ಪ್ರಮಾಣಪತ್ರ, ಎಫ್‌ಐಆರ್, ಮರಣೋತ್ತರ ಪರೀಕ್ಷೆಯ ವರದಿ, ರೇಷನ್ ಕಾರ್ಡ್, ಸಂಬಳ ಬಂದದ್ದನ್ನು ತೋರಿಸುವ ಬ್ಯಾಂಕ್ ಪುಸ್ತಕ, ಇಷ್ಟನ್ನು ಹಿಡಿದುಕೊಂಡು ಅತ್ತಿಗೆಯ ಜೊತೆ ನೀವೇ ಹೋಗಿ. ಅರ್ಜಿಯಲ್ಲಿ ತಾಯಿಯ ಹೆಸರು ಬಿಟ್ಟುಹೋಗದಂತೆ ನೋಡಿಕೊಳ್ಳಿ.