ಉ: ಹೆಸರುಪಟ್ಟಿಯಲ್ಲಿ ಫರ್ನಾಂಡೊ ಓಸೆಸ್ ಇದ್ದಾರೆ, ತೆರೆಯ ಮೇಲೆ ಎಲ್ಲಿದ್ದಾರೆ?

ಮೆಕ್ಸಿಕೊದ ಮುಖವಾಡಧಾರಿ ಕುಸ್ತಿಪಟು ಸಾಂತೊನ ಚಿತ್ರಗಳ ಹೆಸರುಪಟ್ಟಿಯಲ್ಲಿ ಫರ್ನಾಂಡೊ ಓಸೆಸ್ ಹೆಸರಿದ್ದರೂ ತೆರೆಯ ಮೇಲೆ ಅವರು ಸಿಗುತ್ತಿಲ್ಲ, ನಿಮ್ಮ ಎರಡು ಚಿತ್ರಪಟ್ಟಿಗಳಲ್ಲಿ ಇಸವಿಗಳೂ ಹೊಂದುತ್ತಿಲ್ಲ ಎಂದು ಕೇಳಿದ್ದೀರಿ. ಓಸೆಸ್ ಸಿಗದಿರುವುದಕ್ಕೆ ಬಹುಮಟ್ಟಿಗೆ ಕಾರಣ, ಸಾಂತೊನಂತೆ ಅವರೂ ಮುಖವಾಡದೊಳಗೇ ಇರುವುದು. ‘ಸಾಂತೊ ಕಾಂತ್ರಾ ಎಲ್ ಸೆರೆಬ್ರೊ ದೆಲ್ ಮಾಲ್’ ಚಿತ್ರದ ಆರಂಭದಲ್ಲೇ ಬೆಳ್ಳಿ ಮುಖವಾಡದ ಸಾಂತೊ ಖಳರ ಕೈಗೆ ಸಿಕ್ಕಿ, ವಶೀಕರಣಕ್ಕೊಳಗಾಗಿ ಅವರದೇ ಆಳಾಗುತ್ತಾನೆ. ಆಮೇಲೆ ನಾಯಕನ ಕೆಲಸದ ದೊಡ್ಡ ಪಾಲನ್ನು ಹೊರುವ ಎರಡನೆಯ ಮುಖವಾಡಧಾರಿ ‘ಎಲ್ ಇನ್‌ಕಾಗ್ನಿಟೊ’ನೇ ಓಸೆಸ್. ಆದ್ದರಿಂದ ಮೊದಲು ಆ ಪಾತ್ರವನ್ನು ಗುರುತಿಸಿಕೊಂಡು ಚಿತ್ರವನ್ನು ಮತ್ತೊಮ್ಮೆ ನೋಡಿ.

ಅನಂತರ ನಿಮ್ಮ ಎರಡು ಪಟ್ಟಿಗಳಲ್ಲಿನ ಇಸವಿಗಳನ್ನು ಹೊಂದಿಸಿ. ಈ ಚಿತ್ರದ ಚಿತ್ರೀಕರಣ ಕ್ಯೂಬಾದಲ್ಲಿ 1958ರಲ್ಲಿ ನಡೆದು, ಮೆಕ್ಸಿಕೊದಲ್ಲಿ ತೆರೆ ಕಂಡದ್ದು 1961ರಲ್ಲಿ. ಜೊತೆಯಲ್ಲೇ ತಯಾರಾದ ‘ಸಾಂತೊ ಕಾಂತ್ರಾ ಓಂಬ್ರೆಸ್ ಇನ್‌ಫೆರ್ನಾಲೆಸ್’ ಚಿತ್ರದ ಇಸವಿಗಳೂ ಹೀಗೆಯೇ. ಎರಡು ಇಸವಿ ಕಂಡರೆ ಎರಡು ಚಿತ್ರವೆಂದು ಎಣಿಸಬೇಡಿ.

ನಿಮ್ಮಲ್ಲಿರುವುದು ಇಂಗ್ಲಿಷ್ ಡಬ್ಬಿಂಗ್ ಪ್ರತಿಗಳೇ ಎಂಬುದು ಪ್ರಶ್ನೆಯಿಂದ ಸ್ಪಷ್ಟವಾಗುವುದಿಲ್ಲ. ಹಾಗಿದ್ದಲ್ಲಿ, 1962ರ ‘ಸಾಂತೊ ಕಾಂತ್ರಾ ಲಾಸ್ ಮುಹೇರೆಸ್ ವಾಂಪಿರೊ’ ಚಿತ್ರದ ಇಂಗ್ಲಿಷ್ ಅವತರಣಿಕೆಯಲ್ಲಿ ಸಾಂತೊ ‘ಸ್ಯಾಮ್ಸನ್’ ಆಗಿಬಿಟ್ಟಿರುವುದರಿಂದ, ಹುಡುಕಾಟವನ್ನು ಸ್ಪ್ಯಾನಿಷ್ ಶೀರ್ಷಿಕೆಯಿಂದಲೇ ಮಾಡಬೇಕು. ಅಲ್ಲಿ ಓಸೆಸ್ ರಕ್ತಪಿಶಾಚಿಣಿಯರ ಬಂಟರಲ್ಲೊಬ್ಬರು. ಸ್ವತಃ ಕುಸ್ತಿಪಟುವಾದ ಕಾರಣ ಅವರ ಹಿಡಿತ, ಎಸೆತಗಳಲ್ಲಿ ನಟರಿಗೆ ಬಾರದ ಸಲೀಸು ಕಾಣುತ್ತದೆ; ನನ್ನ ಮಟ್ಟಿಗೆ ಹೆಸರುಪಟ್ಟಿಗಿಂತ ನಂಬಿಕಸ್ಥ ಗುರುತು ಅದೇ.

ಇಷ್ಟರ ಮೇಲೂ ಯಾವುದಾದರೂ ಚಿತ್ರದಲ್ಲಿ ಅವರು ಕಾಣದಿದ್ದರೆ, ಅವರ ಹೆಸರು ‘ಆರ್ಗುಮೆಂತೊ’, ಅಂದರೆ ಕಥೆ, ಎಂಬ ಸಾಲಿನಲ್ಲಿದೆಯೇ ಎಂದು ನೋಡಿ. ಇಂಥ ಹಲವು ಚಿತ್ರಗಳಿಗೆ ಕಥೆ ಬರೆದವರೂ ಅವರೇ.