ಏರ್ ಪಿಸ್ತೂಲ್ ಹಿಡಿದಾಗ ಮೊಣಕೈ ಲಾಕ್ ಇರಬೇಕೋ, ಸಡಿಲ ಇರಬೇಕೋ?

ಪ್ರಶ್ನೆ: ಸರ್, ನಂದು ಕಲಬುರಗಿ, ಪಿಯುಸಿ ಎರಡನೇ ವರ್ಷ ಓದ್ತೀನಿ. 10 ಮೀಟರ್ ಏರ್ ಪಿಸ್ತೂಲ್ ಶುರು ಮಾಡಿ ಎಂಟು ತಿಂಗಳಾತು. ಮೊದಲಿನ 20 ಶಾಟ್ ಛಲೋ ಹೋಗ್ತಾವ, 9, 10 ಬೀಳ್ತಾವ, ಆಮ್ಯಾಲ ಕೈ ನಡುಗಲಾಕ ಹತ್ತಿ 7ಕ್ಕ, 6ಕ್ಕ ಹೋಗ್ತದ. ರೇಂಜ್‌ನಾಗ ಒಬ್ಬ ಸೀನಿಯರ್ ಅಣ್ಣ ಮೊಣಕೈ ಜರಾ ಮಡಚು, ಸ್ಪ್ರಿಂಗ್ ಇದ್ದಂಗ ಇರಬೇಕು ಅಂತಾರ. ಇನ್ನೊಬ್ಬರು ಪೂರಾ ಲಾಕ್ ಮಾಡು ಅಂತಾರ. ಮೊಬೈಲ್‌ನಾಗ ನೋಡಿದ ವಿಡಿಯೋದಾಗೆಲ್ಲ ಮಡಚಿದ್ದೇ ಕಾಣ್ತದ. ಯಾರ ಮಾತು ಕೇಳ್ಲಿ?

ಉತ್ತರ: ಲಾಕ್ ಮಾಡು ಅಂದವರ ಮಾತು ಕೇಳು ತಂಗಿ. ಮಡಚು ಅಂದ ಅಣ್ಣನೂ ತಪ್ಪು ಹೇಳಿಲ್ಲ, ಆದ್ರ ಅದು ಬ್ಯಾರೆ ಆಟದ ಮಾತು. ನೀ ನೋಡಿದ ವಿಡಿಯೋದಾಗ ಎಷ್ಟು ಕೈ ಪಿಸ್ತೂಲ್ ಮ್ಯಾಲ ಇದ್ವು ಅಂತ ಇನ್ನೊಮ್ಮೆ ನೋಡು. ಎರಡು ಇರ್ತಾವ. ನಿನ್ನ ಆಟದಾಗ ರೂಲ್ ಪ್ರಕಾರ ಒಂದೇ ಕೈಲಿಂದ ಹಿಡೀಬೇಕು, ಮಣಿಕಟ್ಟಿಗಿ ಯಾವ ಆಸರೆನೂ ಇರಬಾರದು, ಪಿಸ್ತೂಲ್ ಹಿಡಿದ ಕೈಯಾಗ ವಾಚು, ಕಡಗ, ಬ್ಯಾಂಡ್ ಏನೂ ಹಾಕಂಗಿಲ್ಲ (ಮ್ಯಾಚ್ ದಿನ ಇದನ್ನ ಮರ್ತು ಬಂದು ಕೊನೀ ಗಳಿಗೆಗಿ ಬಿಚ್ಚಲಾಕ ಒದ್ದಾಡೋ ಹುಡುಗರನ್ನ ಭಾಳ ನೋಡೀನಿ, ಮನಿಯಾಗೇ ತೆಗೆದಿಟ್ಟು ಬಾ). ಅಂದ್ಮ್ಯಾಲ ಎರಡು ಕೈಯಾಗ ನಡೆಯೋ ಟೆಕ್ನಿಕ್ ಒಂದು ಕೈಗಿ ತಂದು ಹಾಕಿದ್ರ ಹೆಂಗ ನಡೀತದ?

ಲಾಕ್ ಯಾಕ ಬೇಕು ಅನ್ನೋದು ಮನಿಯಾಗೇ ಗೊತ್ತಾಗ್ತದ. ನಮ್ಮ ಕಡೆ ಬ್ಯಾಸಿಗ್ಯಾಗ ನಳ ಬಂದಾಗ ಬಕೇಟ್ ಹೊರೋದು ಯಾರಿಗಿ ಹೊಸದಲ್ಲ, ತುಂಬಿದ ಬಕೇಟ್ ಕೈ ನೆಟ್ಟಗ ಇಳಿಬಿಟ್ಟು ಹಿಡಿದ್ರ ಅಂಗಳ ದಾಟಿ ಅಡಗಿಮನಿ ತನ ಒಯ್ತೀವಿ, ಅದೇ ಬಕೇಟ್ ಮೊಣಕೈ ಅರ್ಧ ಮಡಚಿ ಎತ್ತಿ ಹಿಡಿದು ನಡಿ ನೋಡೋಣ, ಹತ್ತು ಹೆಜ್ಜಿಗಿ ರಟ್ಟಿ ಉರಿತದ, ನೀರು ತುಳುಕ್ತದ. ಕೈ ನೆಟ್ಟಗಿದ್ದಾಗ ಮೊಣಕೈ ಭಾರ ಎಲುಬು ಮತ್ತ ಕೀಲಿನ ಮ್ಯಾಲ ಕೂಡ್ತದ. ಮಡಚಿದಾಗ ಮುಂದಿನ ಸ್ನಾಯು ಒಂದು ಕಡೆ ಎಳೀತದ, ಹಿಂದಿಂದು ಇನ್ನೊಂದು ಕಡೆ, ಆ ಎರಡರ ಜಗ್ಗಾಟಾನೇ ನಿನಗ ಫ್ರಂಟ್ ಸೈಟ್ (ನಳಿಗಿ ತುದಿಯಾಗಿನ ಗುರಿ ಕಡ್ಡಿ) ಮ್ಯಾಲ ನಡುಕ ಆಗಿ ಕಾಣೋದು. ನಿನ್ನ ಪಿಸ್ತೂಲ್ ಸುಮಾರು ಒಂದು ಕಿಲೋ ಇರ್ತದ, ರೂಲ್‌ನಾಗ ಒಂದೂವರಿ ಕಿಲೋ ತನ ನಡೀತದ, ಆ ಭಾರ ಹೆಗಲಿಂದ ಒಂದು ಕೈ ಉದ್ದ ದೂರದಾಗ ಅದ. ಹೆಗಲು ಒಂದು ಅದನ್ನ ಹೊತ್ರ ಸಾಕು, ಮೊಣಕೈಗೂ ಕೆಲಸ ಹಚ್ಚಬ್ಯಾಡ.

ಇನ್ನೊಂದು ಲೆಕ್ಕ ಹೇಳ್ತೀನಿ, ಇದು ತಲಿಯಾಗ ಕೂತ್ರ ಅರ್ಧ ಪಾಠ ಮುಗದಂಗ. ಟಾರ್ಗೆಟ್ ನಟ್ಟನಡುವಿನ 10ರ ರಿಂಗ್ 11.5 ಮಿಲಿಮೀಟರ್ ಅಗಲ ಅದ. ನಿನ್ನ ಎರಡೂ ಸೈಟ್ (ತುದಿಯಾಗಿನ ಫ್ರಂಟ್ ಸೈಟ್, ಕಣ್ಣಿನ ಕಡೆ ಇರೋ ಗಾಡಿಯ ರಿಯರ್ ಸೈಟ್) ಒಂದಕ್ಕೊಂದು ಸಾಲಾಗಿದ್ದು, ಕೈ ಟಾರ್ಗೆಟ್ ಮ್ಯಾಲ 5 ಮಿಲಿಮೀಟರ್ ಆ ಕಡೆ ಈ ಕಡೆ ತೇಲಿದ್ರೂ ಪೆಲೆಟ್ (ಏರ್ ಪಿಸ್ತೂಲಿನ ಸಣ್ಣ ಗುಂಡು) 10ಕ್ಕೇ ಹೋಗ್ತದ. ಆದ್ರ ಮಣಿಕಟ್ಟು ಜರಾ ಮುರಿದು ಫ್ರಂಟ್ ಸೈಟ್ ರಿಯರ್ ಸೈಟ್‌ನಾಗ ಬರೇ 1 ಮಿಲಿಮೀಟರ್ ತಗ್ಗಿತು ಅಂದ್ಕೋ, ಎರಡು ಸೈಟ್ ನಡುವಿನ ಅಂತರ 35 ಸೆಂಟಿಮೀಟರ್ ಹಿಡಿದ್ರ 10 ಮೀಟರ್ ದೂರದಾಗ ಅದು ಸುಮಾರು 29 ಮಿಲಿಮೀಟರ್ ಆಗ್ತದ, ಅಂದ್ರ ಸೀದಾ 7. ಅದಕ್ಕ ನಾ ಹುಡುಗರಿಗಿ ಹೇಳೋದು, ಕೈ ತೇಲಲಿ, ಅದು ಎಲ್ಲರದೂ ತೇಲ್ತದ, ಒಲಿಂಪಿಕ್ಸ್ ಆಡಿದವರದೂ ತೇಲ್ತದ, ಆದ್ರ ಹೆಗಲಿಂದ ಪಿಸ್ತೂಲ್ ತನ ಒಂದೇ ಕೋಲು ಇದ್ದಂಗ ತೇಲಬೇಕು, ನಡುವ ಮೊಣಕೈದಾಗ, ಮಣಿಕಟ್ಟಿನಾಗ ಮುರೀಬಾರದು. ಮೊಣಕೈ ಸಡಿಲಾದ್ರ ಅದನ್ನ ಸರಿ ಮಾಡಲಾಕ ಮಣಿಕಟ್ಟು ತಾನಾಗೇ ಏಳ್ತದ ಇಲ್ಲಾ ಇಳೀತದ. ನಿನ್ನ 7, 6 ಅಲ್ಲಿಂದ ಬಂದಾವ ಅಂತ ನನಗ ಅನಸ್ತದ.

ಈಗ ಲಾಕ್ ಅಂದ್ರ ಏನು? ಕೈ ಪೂರಾ ಚಾಚು, ಮೊಣಕೈ ನೆಟ್ಟಗಾತು ಅಂದ ಕೂಡ್ಲೆ ನಿಲ್ಲು. ಅಲ್ಲಿಂದ ಮುಂದ ಒತ್ತಿ ಹಿಂದಕ್ಕ ಬಾಗಿಸೋದು ಲಾಕ್ ಅಲ್ಲ. ಭಾಳ ಹೆಣ್ಣುಮಕ್ಕಳ ಮೊಣಕೈ ನೆಟ್ಟಗಾದ ಮ್ಯಾಲೂ ಇನ್ನೊಂದಿಷ್ಟು ಹಿಂದಕ್ಕ ಹೋಗ್ತದ, ನಿಂದೂ ಹಂಗದ ಏನು ನೋಡ್ಕೋ, ಹಂಗಿದ್ರ ಕೊನಿ ತನ ಒತ್ತಬ್ಯಾಡ, ಕೀಲು ನೋಯ್ತದ, ಮತ್ತ ದಿನಾ ಒಂದೇ ಜಾಗಾದಾಗ ನಿಲ್ಲಂಗಿಲ್ಲ. ಆಮ್ಯಾಲ ಮೊಣಕೈ ತಿರುವು. ಪಿಸ್ತೂಲ್ ಎತ್ತಿದಾಗ ಮೊಣಕೈ ಒಳಗಿನ ಕುಳಿ ಎಲ್ಲಿ ನೋಡ್ತದ? ಬಲಗೈಯವರಿಗಿ ಮ್ಯಾಲಕ್ಕ ಮತ್ತ ಎಡಕ್ಕ ನಡುವ ಎಲ್ಲೋ ಒಂದು ಕಡೆ ನೋಡ್ತದ. ಅದು ಒಬ್ಬೊಬ್ಬರಿಗಿ ಒಂದೊಂದು ನಮೂನಿ ಇರ್ತದ, ನಿನಗ ಆರಾಮ ಅನ್ನಿಸಿದ್ದು ಒಂದು ಆರಿಸ್ಕೋ, ಆದ್ರ ಮ್ಯಾಚಿನ 60 ಶಾಟ್‌ಗೂ ಅದೇ ಇರಬೇಕು. ಕುಳಿ ತಿರುಗಿದ್ರ ಪಿಸ್ತೂಲೇ ಓರೆ ಆಗ್ತದ, ನಿನಗ ಅದು ಕಾಣಂಗಿಲ್ಲ, ಟಾರ್ಗೆಟ್ ಮ್ಯಾಲ ಕಾಣ್ತದ.

ನನ್ನ ಹತ್ರ ಒಬ್ಬ ಹುಡುಗಿ ಬರ್ತಿದ್ಲು, ನಿನ್ನಂಗೇ, 20 ಶಾಟ್ ಆದ ಮ್ಯಾಲ ಕುಸೀತಿದ್ಲು. ಮೊಣಕೈ ಲಾಕ್ ಮಾಡು ಅಂತ ಎಷ್ಟು ಹೇಳಿದ್ರೂ ಮಾಡೀನಿ ಸರ್ ಅಂತಿದ್ಲು, ಅಕಿಗಿ ಖರೇನೇ ಹಂಗ ಅನಸ್ತಿತ್ತು. ಒಂದಿನ ಅಕಿ ಹೆಗಲಿಗೊಂದು, ಮೊಣಕೈ ಎಲುಬಿಗೊಂದು, ಮಣಿಕಟ್ಟಿಗೊಂದು ಬಾಲ್‌ಪೆನ್ನಿಲೆ ಚುಕ್ಕಿ ಇಟ್ಟು, ಬಾಜೂಕ ಸ್ಟೂಲ್ ಮ್ಯಾಲ ಮೊಬೈಲ್ ನಿಂದರಿಸಿ ರೆಕಾರ್ಡ್ ಮಾಡಿದೆ. 3ನೇ ಶಾಟ್‌ನಾಗ ಮೂರೂ ಚುಕ್ಕಿ ಗೆರಿ ಹೊಡದಂಗ ಸಾಲಾಗಿದ್ವು. 26ನೇದ್ರಾಗ ನಡುವಿನ ಚುಕ್ಕಿ ಒಂದು ಬೆರಳು ಕೆಳಗ ಇಳಿದಿತ್ತು, ಹೆಗಲು ಕಿವಿ ಕಡೆ ಏರಿತ್ತು. ಅಕಿ ಸುಮ್ಮನ ನೋಡಿದ್ಲು, ಮತ್ತ ಹಿಂದಕ್ಕ ಒಯ್ದು ಇನ್ನೊಮ್ಮೆ ನೋಡಿದ್ಲು. ನೀನೂ ಇದನ್ನ ಮಾಡು, ಖರ್ಚೇನಿಲ್ಲ. ಹೆಗಲು ದಣಿದಾಗ ಮೈ ತನಗ ಗೊತ್ತಿಲ್ದಂಗ ಮೊಣಕೈ ಮಡಚಿ ಭಾರ ಹತ್ರಕ್ಕ ತಗೊಳ್ತದ, ಅದು ಮೈ ಸ್ವಭಾವ, ನಿನ್ನ ತಪ್ಪಲ್ಲ.

ಹಂಗಾದ್ರ ಮೂಲ ರೋಗ ದಣಿವು. 60 ಶಾಟ್‌ಗಿ 75 ನಿಮಿಷ ಇರ್ತದ, ಅಂದ್ರ ಒಂದು ಶಾಟ್‌ಗಿ ಒಂದೂಕಾಲು ನಿಮಿಷ. ನೀವು ಹೊಸ ಹುಡುಗರು ಭಾಳ ಅವಸರ ಮಾಡ್ತೀರಿ. ಪ್ರತಿ ಶಾಟ್ ಆದ ಮ್ಯಾಲ ಪಿಸ್ತೂಲ್ ಟೇಬಲ್ ಮ್ಯಾಲ ಇಡು, ಕೈ ಕೆಳಗ ಬಿಡು, ಎರಡು ಸಲ ಉಸುರು ತಗೋ. ಎತ್ತುವಾಗ ಟಾರ್ಗೆಟ್‌ಗಿಂತ ಜರಾ ಮ್ಯಾಲ ಒಯ್ದು, ಅಲ್ಲೇ ಮೊಣಕೈ ಮಣಿಕಟ್ಟು ಎರಡೂ ಲಾಕ್ ಮಾಡಿ, ಹೆಗಲು ಕೆಳಗ ಬಿಟ್ಟು, ಆಮ್ಯಾಲ ನಿಧಾನ ಇಳಿಸು. ಇಳಿದು ನಿಂತ ಮ್ಯಾಲ ಎಂಟು ಹತ್ತು ಸೆಕೆಂಡ್‌ನಾಗ ಶಾಟ್ ಹೋಗಲಿಲ್ಲ ಅಂದ್ರ ಹೊಡೀಬ್ಯಾಡ, ಇಳಿಸು, ಮತ್ತ ಎತ್ತು. ಇಳಿಸೋದು ಸೋಲಲ್ಲ ತಂಗಿ, ಇದನ್ನ ಕಲಿಯಲಾಕ ನನಗ ಎರಡು ವರ್ಷ ಹಿಡೀತು. ಶಾಟ್ ಹೋದ ಮ್ಯಾಲೂ ಒಂದೆರಡು ಸೆಕೆಂಡ್ ಕೈ ಹಂಗೇ ಇರಲಿ, ಟಪ್ ಅಂದ ಕೂಡ್ಲೆ ಮೊಣಕೈ ಬಿಟ್ರ ನಾಳಿ ಟಪ್ ಅನ್ನೋಕಿಂತ ಮೊದಲೇ ಬಿಡ್ತೀ.

ಮನಿಯಾಗ ಒಂದು ಲೀಟರ್ ನೀರಿನ ಬಾಟ್ಲಿ ತುಂಬಿಸಿ ಹಿಡಿ, ಅದರ ಭಾರಾನೂ ನಿನ್ನ ಪಿಸ್ತೂಲಿಂದೂ ಹೆಚ್ಚುಕಮ್ಮಿ ಒಂದೇ. ಕೈ ಚಾಚಿ ಹತ್ತು ಸೆಕೆಂಡ್, ಇಳಿಸಿ ಅರ್ಧ ನಿಮಿಷ ಬಿಡು, ಹಿಂಗ ಹದಿನೈದು ಸಲ. ಇನ್ನ ಡ್ರೈ ಫೈರ್ ಅಂದ್ರ ಪೆಲೆಟ್ ಹಾಕ್ದ ಪಿಸ್ತೂಲ್ ಖಾಲಿ ಗೋಡಿ ಕಡೆ ಹಿಡಿದು ಟ್ರಿಗರ್ ಒತ್ತೋದು, ಅದನ್ನ ನಿನ್ನ ಕೋಚ್ ಮುಂದ ಕಲಿತ ಮ್ಯಾಲ ಮಾಡು, ಪ್ರತಿ ಸಲ ಖಾಲಿ ಅದ ಅಂತ ಕಣ್ಣಿಲೆ ನೋಡಿ, ಗೋಡಿ ಆ ಕಡೆ ಯಾರೂ ಇಲ್ಲ ಅಂತ ನೋಡಿ. ಮತ್ತ ನಮ್ಮ ಕಲಬುರಗಿ ಬಿಸಲಾಗ ಮಧ್ಯಾಹ್ನ ಪ್ರಾಕ್ಟೀಸ್ ಬ್ಯಾಡ. ಅಂಗೈ ಬೆವೆತ್ರ ಗ್ರಿಪ್ ಜಾರ್ತದ ಅಂತ ಗಟ್ಟಿ ಹಿಡೀತೀ, ಗಟ್ಟಿ ಹಿಡಿದ್ರ ಮುಂಗೈ ನಡುಗ್ತದ. ಮುಂಜಾನೆ ಆರಕ್ಕ ಮಾಡು.

ಕೊನೀದು, ಕಾಲು. ಕಣ್ಣು ಮುಚ್ಚಿ ಪಿಸ್ತೂಲ್ ಎತ್ತು, ಆರಾಮ ಅನ್ನಿಸಿದಲ್ಲಿ ನಿಲ್ಲು, ಕಣ್ಣು ತೆಗಿ. ಟಾರ್ಗೆಟ್ ಎಡಕ್ಕೋ ಬಲಕ್ಕೋ ಇದ್ರ ಕೈ ಸರಿಸಬ್ಯಾಡ, ಹಿಂದಿನ ಕಾಲು ಸರಿಸು. ಕೈಲಿಂದ ಎಳೆದು ತಂದ್ರ ಮೊಣಕೈ ಎಷ್ಟು ಲಾಕ್ ಮಾಡಿದ್ರೂ ಹೆಗಲು ವಾಪಸ್ ತನ್ನ ಜಾಗಕ್ಕ ಎಳೀತಿರ್ತದ.

ಪ್ರಶ್ನೆ: ನಮಸ್ಕಾರ ಸರ್, ನಾ ಬೀದರ್ ಜಿಲ್ಲಾದಾಗ ಪೊಲೀಸ್ ಕಾನ್‌ಸ್ಟೆಬಲ್. ಫೈರಿಂಗ್‌ನಾಗ 9 ಎಂಎಂ ಪಿಸ್ತೂಲ್ ಎರಡು ಕೈಲಿಂದ ಹೊಡೀತೀನಿ. ಮೊಣಕೈ ಟೈಟ್ ಮಾಡಿದ್ರ ಮೈ ಪೂರಾ ಹಿಂದಕ್ಕ ಜಗ್ಗಿದಂಗ ಆಗ್ತದ, ಸಡಿಲ ಬಿಟ್ರ ಪಿಸ್ತೂಲ್ ಜಾಮ್ ಆಗ್ತದ. ಏನು ಮಾಡ್ಬೇಕ್ರಿ?

ಉತ್ತರ: ಅಣ್ಣಾರ, ಮ್ಯಾಲ ತಂಗಿಗಿ ಹೇಳಿದ್ದು ನಿಮಗಲ್ಲ. ಏರ್ ಪಿಸ್ತೂಲ್‌ನಾಗ ಒದೆತ ಇಲ್ಲ ಅಂದ್ರೂ ನಡೀತದ, 9 ಎಂಎಂ ಒದೀತದ. ಮೊಣಕೈ ಎರಡೂ ಪೂರಾ ಲಾಕ್ ಆದ್ರ ಆ ಒದೆತ ಕೋಲಿನಾಗ ಹೋದಂಗ ಸೀದಾ ಹೆಗಲಿಗಿ ಹೋಗಿ ಮೈ ಹಿಂದಕ್ಕ ತಳ್ತದ, ಮುಂದಿನ ಶಾಟ್‌ಗಿ ಸೈಟ್ ವಾಪಸ್ ಬರೋದು ತಡ ಆಗ್ತದ. ಅದಕ್ಕ ಕೈ ಚಾಚಿ, ಲಾಕ್ ಆಗೋ ಮೊದಲು ಜರಾ ಬಿಡ್ರಿ, ನೋಡೋರಿಗಿ ನೆಟ್ಟಗೇ ಕಾಣಬೇಕು ಅಷ್ಟು ಕಮ್ಮಿ. ಮೊಣಕೈ ನೆಲಕ್ಕ ನೋಡಬಾರದು, ರೆಕ್ಕಿಯಂಗ ಹೊರಕ್ಕೂ ಹೋಗಬಾರದು, ನಡುವ ಇರಲಿ. ಮೈ ಭಾರ ಮುಂಗಾಲ ಮ್ಯಾಲ ಹಾಕ್ರಿ, ಬಗ್ಗಿ ಗಾಡಿ ದೂಡ್ತಾರಲ್ಲ, ಹಂಗ.

ಇನ್ನ ಜಾಮ್. ಒದೆತದ ಜೋರಿನಿಂದಲೇ ಸ್ಲೈಡ್ (ಪಿಸ್ತೂಲಿನ ಮ್ಯಾಲಿನ ಸರಿಯೋ ಭಾಗ) ಹಿಂದಕ್ಕ ಹೋಗಿ ಖಾಲಿ ಕೇಸ್ (ಹೊಡೆದ ಗುಂಡಿನ ಖಾಲಿ ಕೊಳವಿ) ಹೊರಗ ಒಗೀತದ. ಹಿಂದ ಗಟ್ಟಿ ಆಧಾರ ಇಲ್ದ ಪೂರಾ ಕೈನೇ ಪಿಸ್ತೂಲ್ ಜೋಡಿ ಹೋದ್ರ ಸ್ಲೈಡ್ ಪೂರ್ತಿ ಹೋಗಂಗಿಲ್ಲ, ಕೇಸ್ ಸಿಕ್ಕಿಬೀಳ್ತದ. ಇದಕ್ಕ ಬಹಳ ಸಲ ಮೊಣಕೈಗಿಂತ ಮಣಿಕಟ್ಟು ಕಾರಣ. ಮೊಣಕೈ ಮೆತ್ತಗಿರಲಿ, ಮಣಿಕಟ್ಟು ಮಾತ್ರ ಮೆತ್ತಗಾಗಬಾರದು. ಹಂಗ ಹಿಡಿದ ಮ್ಯಾಲೂ ಜಾಮ್ ಆದ್ರ ಪಿಸ್ತೂಲ್, ಮ್ಯಾಗಜೀನ್ (ಗುಂಡು ತುಂಬೋ ಡಬ್ಬಿ) ಎರಡೂ ಆರ್ಮರರ್ (ಹತ್ಯಾರ ರಿಪೇರಿ ಮಾಡೋರು) ಕೈಯಾಗ ಕೊಟ್ಟು ತೋರಸ್ರಿ.

ಹಳೇ ಉಸ್ತಾದರು ಕೆಲವರು ಎಡ ಮೊಣಕೈ ಕೆಳಗ ಮಡಚಿ, ಬಲಗೈ ಮುಂದಕ್ಕ ದೂಡಿ ಎಡಗೈ ಹಿಂದಕ್ಕ ಎಳಿ ಅಂತ ಕಲಸ್ತಾರ. ಅದು ವೀವರ್ ಸ್ಟಾನ್ಸ್ (ನಿಲ್ಲೋ ರೀತಿ), 1950ರ ದಶಕದಾಗ ಅಮೆರಿಕದ ಕ್ಯಾಲಿಫೋರ್ನಿಯಾದ ಜ್ಯಾಕ್ ವೀವರ್ ಅನ್ನೋ ಡೆಪ್ಯುಟಿ ಶೆರಿಫ್ ಹಂಗ ಹೊಡೆದು ಪಂದ್ಯ ಗೆದ್ದ ಮ್ಯಾಲ ಹಬ್ಬಿದ್ದು. 1980ರ ದಶಕದಾಗ ರಾಬ್ ಲೇಥಮ್, ಬ್ರಯಾನ್ ಇನೋಸ್ ಅಂಥ ಪಂದ್ಯದ ಆಟಗಾರರು ಎರಡೂ ಕೈ ಸಮ ಚಾಚಿ ತ್ರಿಕೋನ ಮಾಡಿ ಹೊಡೆಯೋದು ಚಾಲ್ತಿಗಿ ತಂದ್ರು. ಎರಡರಾಗೂ ಗುರಿ ಬೀಳ್ತದ. ನನ್ನ ಕೇಳಿದ್ರ ಎರಡನೇದು ಕಲಿಯಲಾಕ ಹಗುರ, ಆದ್ರ ನಿಮ್ಮ ಉಸ್ತಾದರು ರೇಂಜ್‌ನಾಗ ಏನು ಹೇಳ್ತಾರೋ ಅಲ್ಲಿ ಅದನ್ನೇ ಮಾಡ್ರಿ, ಲೈವ್ ಫೈರಿಂಗ್ ನಡೆದಾಗ ಹೊಸ ಪ್ರಯೋಗ ಬ್ಯಾಡ. ಗುಂಡು ಎಡಕ್ಕ ಕೆಳಗ ಬೀಳ್ತಿದ್ರ ಮೊಣಕೈ ಹುಡುಕಬ್ಯಾಡ್ರಿ, ಬಲಗೈಯವರಿಗಿ ಅದು ಬಹಳ ಸಲ ಸದ್ದಿಗಿ ಹೆದರಿ ಮೊದಲೇ ಪಿಸ್ತೂಲ್ ಕೆಳಗ ಒತ್ತೋದು. ಉಸ್ತಾದರಿಗಿ ಹೇಳಿ ಮ್ಯಾಗಜೀನ್‌ನಾಗ ನಡುವ ಒಂದು ಡಮ್ಮಿ ರೌಂಡ್ (ಹಾರದ ನಕಲಿ ಗುಂಡು) ಹಾಕಸ್ರಿ, ಅದರ ಸರದಿ ಬಂದಾಗ ಪಿಸ್ತೂಲ್ ಮೂತಿ ಕೆಳಗ ಕುಕ್ಕಿದ್ದು ನಿಮ್ಮ ಕಣ್ಣಿಗೇ ಕಾಣ್ತದ.

ಪ್ರಶ್ನೆ: ಪ್ಯಾರಿಸ್ ಒಲಿಂಪಿಕ್ಸ್‌ನಾಗ ಟರ್ಕಿ ಆಟಗಾರ ಕಿಸೆದಾಗ ಕೈ ಇಟ್ಕೊಂಡು ಹೊಡೆದ್ರಲ್ಲ, ಅದು ಸ್ಟೈಲ್ ಏನ್ರಿ? (ಕಲಬುರಗಿ)

ಉತ್ತರ: ಅಲ್ಲ, ಅದು ಟೆಕ್ನಿಕ್. ಯೂಸುಫ್ ಡಿಕೆಚ್ ಅವರು 2024ರಾಗ ಮಿಕ್ಸೆಡ್ ಟೀಮ್ 10 ಮೀಟರ್ ಏರ್ ಪಿಸ್ತೂಲ್‌ನಾಗ ಬೆಳ್ಳಿ ಗೆದ್ರು, ಅದೇ ಸ್ಪರ್ಧೆದಾಗ ನಮ್ಮ ಮನು ಭಾಕರ್, ಸರಬ್‌ಜೋತ್ ಸಿಂಗ್ ಕಂಚು ಗೆದ್ರು. ಖಾಲಿ ಕೈ ಜೋತಾಡಿದ್ರ ಆ ಕಡೆ ಹೆಗಲು ಅಲುಗ್ತದ, ಅದು ಬೆನ್ನಿನಿಂದ ಹಾದು ಈ ಕಡೆ ಮೊಣಕೈಗೂ ಬರ್ತದ. ಕಿಸೆದಾಗ ಇಡ್ರಿ, ಇಲ್ಲಾ ಬೆಲ್ಟಿಗಿ ಬೆರಳು ಸಿಗಸ್ರಿ, ಒಟ್ಟು ಕಟ್ಟಿ ಹಾಕ್ರಿ.

ಪ್ರಶ್ನೆ: ಸರ್, ನಾವು ಯಾದಗಿರಿಯವರು. ಮಗಗ 14 ವರ್ಷ, ಆರು ತಿಂಗಳಿಂದ ಏರ್ ಪಿಸ್ತೂಲ್ ಕಲೀತಾನ. ಈಗ ಮೊಣಕೈ ಹೊರಗಿನ ಕಡೆ ನೋವು ಅಂತಾನ. ಟೇಪ್ ಸುತ್ತಿ ಆಡಿಸಬಹುದಾ?

ಉತ್ತರ: ಬ್ಯಾಡ್ರಿ. ನೋವಿನಾಗ ಆಡಿಸಲೇಬ್ಯಾಡ್ರಿ, ಬೆಳೆಯೋ ಹುಡುಗನ ಎಲುಬು ಇನ್ನೂ ಹಣ್ಣಾಗಿರಂಗಿಲ್ಲ. ಹೊರಗಿನ ಕಡೆ ನೋವು ಬಹಳ ಸಲ ಗ್ರಿಪ್ ಹಿಂಡಿ ಹಿಡಿಯೋದ್ರಿಂದ ಬರ್ತದ, ಟೆನ್ನಿಸ್ ಎಲ್ಬೋ ಅಂತಾರಲ್ಲ, ಆ ಜಾತಿದು, ಆದ್ರ ಅದೇನಾ ಅಂತ ಎಲುಬಿನ ಡಾಕ್ಟರ್ ನೋಡಿ ಹೇಳಬೇಕು. ಕಿರಿ ಬೆರಳು ಜೋಮು ಹಿಡೀತದ ಅಂದ್ರ ಮೊಣಕೈದಾಗ ನರ ಒತ್ತಿದಂಗ, ಆಗ ನಾಳಿ ಅನ್ನಬ್ಯಾಡ್ರಿ, ಅವತ್ತೇ ಕರಕೊಂಡು ಹೋಗ್ರಿ. ಟೇಪ್ ಸುತ್ತಿ ಕೈ ಬಿಗಿ ಮಾಡೋದು ಮ್ಯಾಚ್‌ನಾಗ ರೂಲ್ ಪ್ರಕಾರವೂ ನಡ್ಯಂಗಿಲ್ಲ. ವಾಪಸ್ ಶುರು ಮಾಡುವಾಗ ಕೋಚ್ ಹತ್ರ ಎರಡು ಕೇಳ್ರಿ, ಪಿಸ್ತೂಲ್ ಅವನ ಕೈಗಿ ಭಾರ ಆಗ್ಯದ ಏನು (ಸಣ್ಣವರಿಗಂತ ಹಗುರ ಮಾಡೆಲ್ ಬರ್ತಾವ), ಮತ್ತ ಗ್ರಿಪ್ ಅವನ ಅಂಗೈ ಅಳತಿದು ಅದ ಏನು, ಯಾಕಂದ್ರ ದೊಡ್ಡವರ ಗ್ರಿಪ್ ಸಣ್ಣ ಕೈಯಾಗ ಕೊಟ್ರ ಅದು ಜಾರಬಾರದಂತ ಹುಡುಗ ಹಿಂಡೇ ಹಿಂಡ್ತಾನ. ಅಲ್ಲಿ ತನ ಪಿಸ್ತೂಲ್ ಡಬ್ಬಿದಾಗ ಇರಲಿ, ನಿಲ್ಲೋದು, ಉಸಿರಾಟ, ಕಾಲಿನ ಜಾಗ, ಇವನ್ನ ಖಾಲಿ ಕೈಲಿಂದ ಮಾಡ್ಲಿ.