ಹಳೆಯ ಗ್ರೂಪ್ ಫೋಟೋ ಯಾರ ಸ್ವತ್ತು?

ಮಾನ್ಯರೇ,

ಧಾರವಾಡ ಕಡೆಯ ನಿಮ್ಮ ಶಾಲೆಯ ಶತಮಾನೋತ್ಸವದ ಸಂಚಿಕೆಗೆ 1936 ಮತ್ತು 1964ರ ಗ್ರೂಪ್ ಫೋಟೋ ಹಾಕಬೇಕೆಂದಿದ್ದೀರಿ. ಸ್ಟುಡಿಯೋ ಮುಚ್ಚಿ ಎಷ್ಟೋ ಕಾಲವಾಗಿದೆ. "ಅರವತ್ತು ವರ್ಷ ದಾಟಿದರೆ ಯಾರು ಬೇಕಾದರೂ ಅಚ್ಚು ಹಾಕಬಹುದು" ಎಂದು ಗೆಳೆಯರು ಹೇಳಿದ್ದು ನಿಜವೇ ಎಂದು ಕೇಳಿದ್ದೀರಿ.

1936ರದ್ದಕ್ಕೆ ಚಿಂತೆ ಬೇಡ. ಆಗ ನಿಮ್ಮೂರು ಮುಂಬಯಿ ಪ್ರಾಂತದಲ್ಲಿತ್ತು, ಬ್ರಿಟಿಷರ ಕೃತಿಸ್ವಾಮ್ಯ (ಕಾಪಿರೈಟ್) ಕಾಯ್ದೆ ನಡೆಯುತ್ತಿತ್ತು. ಅದರಲ್ಲಿ ಫೋಟೋದ ಹಕ್ಕು ನೆಗೆಟಿವ್ ತಯಾರಾದ ದಿನದಿಂದ 50 ವರ್ಷ. 1986ಕ್ಕೇ ಮುಗಿಯಿತೆಂದು ನಾವು ಎಣಿಸುತ್ತೇವೆ.

ಗೆಳೆಯರು ಎಡವಿರುವುದು 1964ರದ್ದರಲ್ಲಿ. ಮುಂದಿನ ಸಾಲಿನ ಹುಡುಗ ಮಂಡಿಯ ಮೇಲೆ ಹಿಡಿದ ಸ್ಲೇಟಿನಲ್ಲಿ "1963-64" ಎಂದು ಸೀಮೆಸುಣ್ಣದಲ್ಲಿ ಬರೆದಿರುವುದರಿಂದ ಕಾಲದ ಬಗ್ಗೆ ಅನುಮಾನವಿಲ್ಲ. ಅಷ್ಟರಲ್ಲಿ 1957ರ ನಮ್ಮದೇ ಕಾಯ್ದೆ ಬಂದಿತ್ತು. ಅದು ಫೋಟೋಗೆ ಪ್ರಕಟವಾದ ಮರುವರ್ಷದಿಂದ 50 ವರ್ಷ ಕೊಟ್ಟಿತು. 1992ರ ತಿದ್ದುಪಡಿ ಅದನ್ನು 60 ಮಾಡಿತು. 2012ರ ಜೂನ್ 21ರಿಂದ ಆ ಲೆಕ್ಕವೇ ಹೋಗಿ, ಛಾಯಾಗ್ರಾಹಕರ ಜೀವಮಾನ, ಅವರು ತೀರಿಕೊಂಡ ಮೇಲೆ ಮತ್ತೆ 60 ವರ್ಷ ಎಂದಾಯಿತು. ಆ ದಿನ ಹಕ್ಕು ಉಳಿದಿದ್ದ ಚಿತ್ರಗಳಿಗೂ ಇದೇ ಲೆಕ್ಕವೆಂದು ಹಿಡಿಯುವುದೇ ಕ್ಷೇಮ.

ಹಾಗೆಂದು ಛಾಯಾಗ್ರಾಹಕರ ಮೊಮ್ಮಕ್ಕಳನ್ನು ಹುಡುಕಲು ಈಗಲೇ ಹೊರಡಬೇಡಿ. ಹಣ ಕೊಟ್ಟು ತೆಗೆಸಿದ ಫೋಟೋದ ಹಕ್ಕು, ಬೇರೆ ಕರಾರು ಇಲ್ಲದಿದ್ದರೆ, ತೆಗೆಸಿದವರದ್ದೇ. ಮದುವೆ ಆಲ್ಬಮ್ಮಿಗೂ ಇದೇ ನ್ಯಾಯ. ಶಾಲೆಯೇ ಕರೆಸಿ ದುಡ್ಡು ಕೊಟ್ಟಿದ್ದರೆ ಹಕ್ಕು ನಿಮ್ಮ ಆಡಳಿತ ಮಂಡಳಿಯದ್ದು. ಛಾಯಾಗ್ರಾಹಕರು ತಾವಾಗಿಯೇ ಬಂದು ತೆಗೆದು, ಹುಡುಗರಿಗೆ ಪ್ರತಿ ಮಾರಿಕೊಂಡು ಹೋಗಿದ್ದರೆ ಹಕ್ಕು ಅವರದ್ದು, ಈಗ ವಾರಸುದಾರರದ್ದು. ಆಗ ರಟ್ಟಿನ ಹಿಂದಿರುವ ಸ್ಟುಡಿಯೋ ಮೊಹರು ಹಿಡಿದು ಮನೆ ಹುಡುಕಬೇಕು. ಪ್ರತಿ ನಿಮ್ಮ ಟ್ರಂಕಿನಲ್ಲಿದೆ, ನಿಮ್ಮ ತಂದೆ ಅದರಲ್ಲಿ ನಿಂತಿದ್ದಾರೆ ಎಂಬುದರಿಂದ ಹಕ್ಕು ಬರುವುದಿಲ್ಲ.

ನಾವೂ ಒಮ್ಮೆ ಪೆಟ್ಟು ತಿಂದಿದ್ದೇವೆ. "ಅಜ್ಜನ ಆಲ್ಬಮ್ಮಿನದು" ಎಂದು ಓದುಗರೊಬ್ಬರು ಕಳಿಸಿದ್ದನ್ನು ನಂಬಿ ಅಚ್ಚು ಹಾಕಿದೆವು. ಆಮೇಲೆ ಭೂತಗನ್ನಡಿ ಹಿಡಿದು ನೋಡಿದರೆ ಮುಖದ ತುಂಬ ಅಚ್ಚಿನ ಚುಕ್ಕಿಗಳು. ಯಾವುದೋ ಪತ್ರಿಕೆಯಿಂದ ಕತ್ತರಿಸಿದ್ದು! ನಿಮ್ಮದನ್ನೂ ಹಾಗೊಮ್ಮೆ ನೋಡಿ.

ಮೊದಲು ಶಾಲೆಯ ಕಪಾಟಿನಲ್ಲಿ ಆ ವರ್ಷದ ಖರ್ಚಿನ ಪುಸ್ತಕ ಹುಡುಕಿ. "ಗ್ರೂಪ್ ಫೋಟೋ ಬಾಬ್ತು" ಎಂದು ಒಂದು ಸಾಲು ಸಿಕ್ಕರೆ ನಿಮ್ಮ ಕೆಲಸ ಮುಕ್ಕಾಲು ಆದಂತೆ. ಸಿಕ್ಕರೆ ಆ ಪುಟವನ್ನು ನಮಗೂ ತೋರಿಸಿ.

- ಸಂ.